ಮನೆಯೊಳಗೆ ಓದದ ಭಾಗ

ನನ್ನ ಮೊಮ್ಮಗಳು ಶ್ರಾವ್ಯಳಿಗೆ ಸಂಸ್ಕೃತ ಎಂ.ಎ.ಗೆ ಸೀಟು ಸಿಕ್ಕಿದೆ! ಬೆಳಿಗ್ಗೆ ಉಡುಪಿಯಿಂದ ಅವಳೇ ಫೋನು ಮಾಡಿ ಹೇಳಿದಳು. ಐದನೇ ಕ್ಲಾಸಿಗೇ ಸ್ಲೇಟು ಕೆಳಗಿಟ್ಟ ನಾನು ಈ ಸುದ್ದಿಯನ್ನು ಪಕ್ಕದ ಮನೆಗೆ, ಮೀನು ತರುವ ಹೆಂಗಸಿಗೆ, ಕಂಬದ ಮೇಲಿದ್ದ ಲೈನ್‌ಮ್ಯಾನಿಗೆ ಕೂಡ ಕೂಗಿ ಹೇಳಿಯಾಯಿತು. ಅವನು ಮೇಲಿನಿಂದಲೇ "ಪಾಯಸ ಉಂಟಾ ಅಮ್ಮ?" ಎಂದ. "ಇಳಿದು ಬಾ, ಉಂಟು" ಎಂದೆ. ಎದೆ ತುಂಬಿ ಎಲ್ಲಿ ಕೂರುವುದೆಂದೇ ತಿಳಿಯಲಿಲ್ಲ. ಏನು ಓದುತ್ತೀ ಎಂದು ಕೇಳಿದ್ದಕ್ಕೆ, "ಹಳೆಯ ಮಹಾಕಾವ್ಯಗಳನ್ನೂ ನಮ್ಮ ಊರಿನ ಹೆಂಗಸರು ಹೇಳುತ್ತಿದ್ದ ಕಥೆಗಳನ್ನೂ ಒಟ್ಟಿಗೆ ಇಟ್ಟು ಓದುವುದು ಅಜ್ಜೀ" ಎಂದಳು. ಆಗ ನನ್ನ ಬೆರಳಿನಲ್ಲಿ ಮಲ್ಲಿಗೆ ಕಟ್ಟುವ ಬಾಳೆನಾರಿತ್ತು. ರಾತ್ರಿಯಿಡೀ ನೀರಿನಲ್ಲಿ ನೆನೆದ ಆ ನಾರಿಗೆ ಒಂದು ವಾಸನೆಯಿದೆ, ಮಣ್ಣೂ ಅಲ್ಲದ ಹೂವೂ ಅಲ್ಲದ ತಣ್ಣನೆಯ ವಾಸನೆ. ಫೋನು ಇಟ್ಟು ಅದನ್ನು ಮೂಗಿಗೆ ಹಿಡಿದೆ. ಸಂತೋಷದ ದಿನವೇ ಹೋದವರು ಬಂದು ಎದುರು ಕೂರುತ್ತಾರೆ. ನಿಮಗೂ ಹಾಗೆ ಆಗಿರಬಹುದು.

ನನ್ನ ಎದುರು ಬಂದು ಕೂತವಳು ದೊಡ್ಡಮ್ಮ, ನನ್ನ ತಾಯಿಯ ಅಕ್ಕ. ಎಪ್ಪತ್ತರ ದಶಕದಲ್ಲಿ ಶಂಕರಪುರದ ನಮ್ಮ ಮನೆಯ ಸುತ್ತ ಮಲ್ಲಿಗೆ ಗಿಡಗಳಿದ್ದವು, ಅಂಗಳದ ಅಂಚಿನಲ್ಲಿ ಹೂ ಕಟ್ಟಲಿಕ್ಕೆಂದೇ ತೆಂಗಿನ ಮಡಲು ಹೊದಿಸಿದ ಚಪ್ಪರವಿತ್ತು. ಬೆಳಕು ಹರಿಯುವ ಮೊದಲೇ ಕೊಯ್ದ ಮೊಗ್ಗುಗಳನ್ನು ನಡುವೆ ಸುರಿದುಕೊಂಡು ನಾವು ಕೂರುತ್ತಿದ್ದೆವು. ದೊಡ್ಡಮ್ಮನ ಬೆರಳು ಓಡುವುದನ್ನು ನೋಡಿದರೆ ಕಣ್ಣು ಸೋಲುತ್ತಿತ್ತು. ಅವಳನ್ನು ಕಾರ್ಕಳಕ್ಕೆ ಮದುವೆ ಮಾಡಿ ಕೊಟ್ಟಿದ್ದರು. ಯಾರೋ ಏನೋ ಹೇಳಿದ್ದನ್ನು ನಂಬಿ ಗಂಡ ಒಂದು ಮಧ್ಯಾಹ್ನ ಅವಳನ್ನು ನಮ್ಮ ಅಂಗಳದಲ್ಲಿ ನಿಲ್ಲಿಸಿ, ಒಳಗೂ ಬಾರದೆ, ನೀರೂ ಕುಡಿಯದೆ ತಿರುಗಿ ಹೋಗಿದ್ದನಂತೆ. ನಮ್ಮದು ತಾಯಿಯ ಕಡೆಯಿಂದ ನಡೆಯುವ ಮನೆ, ಹಾಗಾಗಿ ಅವಳ ಅನ್ನಕ್ಕೆ ಯಾರೂ ಮಾತು ಆಡಲಿಲ್ಲ. ಆದರೆ ಅವಳ ಮೇಲೆ ಬಂದ ಮಾತು ಸುಳ್ಳೆಂದು ಕೂಡ ಯಾರೂ ಬಾಯಿಬಿಟ್ಟು ಹೇಳಲಿಲ್ಲ.

ಮನೆಯ ಯಜಮಾನ ದೊಡ್ಡ ಮಾವ, ಅಮ್ಮನಿಗೂ ದೊಡ್ಡಮ್ಮನಿಗೂ ಅಣ್ಣ. ಎಳೆಯ ವಯಸ್ಸಿನಲ್ಲಿ ಉಡುಪಿಯ ಪಂಡಿತರೊಬ್ಬರ ಬಳಿ ಸಂಸ್ಕೃತ ಕಲಿತಿದ್ದರು. ಆಟಿ ತಿಂಗಳ ಜಡಿಮಳೆಯಲ್ಲಿ, ಹೂ ಕಡಿಮೆಯಾಗಿ ಕೈ ಖಾಲಿಯಿರುವಾಗ, ಸಂಜೆ ದೀಪ ಹಚ್ಚಿದ ಮೇಲೆ ಚಾವಡಿಯಲ್ಲಿ ಪುಸ್ತಕದ ಮರದ ಪೀಠವಿಟ್ಟು ಓದುತ್ತಿದ್ದರು. ಮೊದಲು ಶ್ಲೋಕ, ಆಮೇಲೆ ನಮ್ಮ ಮಾತಿನಲ್ಲಿ ಅರ್ಥ. ಕಾಡಿಗೆ ಹೋದ ಅರಸ, ಕದ್ದೊಯ್ಯಲ್ಪಟ್ಟ ರಾಣಿ, ಸಮುದ್ರ ದಾಟಿದ ಸೈನ್ಯ. ರಾಣಿ ತಿರುಗಿ ಬಂದು ಪಟ್ಟಾಭಿಷೇಕವಾದ ಸಂಜೆ ಅವಲಕ್ಕಿ ಬೆಲ್ಲ ಹಂಚಿ ಪುಸ್ತಕವನ್ನು ಕೆಂಪು ಬಟ್ಟೆಯಲ್ಲಿ ಕಟ್ಟಿಬಿಡುವುದು ರೂಢಿ. ಅದರ ಮುಂದೆಯೂ ಹಾಳೆಗಳಿದ್ದವು. ತುಂಬು ಬಸುರಿ ರಾಣಿಯನ್ನು ಊರವರ ಮಾತು ಕೇಳಿ ಕಾಡಿಗೆ ಬಿಟ್ಟ ಭಾಗ. ಅದನ್ನು ಸಂಸಾರದ ಮನೆಯ ಮಾಡಿನಡಿ ಓದಬಾರದು, ಮನೆಗೆ ಒಳ್ಳೆಯದಲ್ಲ ಎಂದು ಹಿರಿಯರ ಕಾಲದಿಂದ ನಡೆದು ಬಂದಿತ್ತು.

ಒಂದು ವರ್ಷ ಮಾವ ಬಟ್ಟೆ ಕಟ್ಟುವಾಗ ದೊಡ್ಡಮ್ಮ ಕಂಬದ ಹಿಂದಿನಿಂದ, "ಅಣ್ಣ, ಮುಂದಿನದ್ದೂ ಓದಿ" ಎಂದಳು.

"ಅದು ಮನೆಯಲ್ಲಿ ಓದುವಂಥದ್ದಲ್ಲ."

"ನಡೆಯುವುದು ಮಾತ್ರ ಮನೆಯಲ್ಲಿಯೇ ಅಲ್ವಾ?"

ಮಾವ ಗಂಟನ್ನು ಇನ್ನಷ್ಟು ಬಿಗಿದು ಒಳಗೆ ಹೋದರು. ಆಮೇಲೆ ಅವಳು ಮತ್ತೆ ಕೇಳಲಿಲ್ಲ. ಆದರೆ ಮರುದಿನ ಬೆಳಿಗ್ಗೆ ಚಪ್ಪರದಲ್ಲಿ, ತನ್ನ ಅಜ್ಜಿಯಿಂದ ಕೇಳಿದ್ದನ್ನು ನನಗೆ ಹೇಳಿದಳು. ರಾಣಿಯ ಹೆಸರನ್ನು ಅವಳು ಎತ್ತುತ್ತಿರಲಿಲ್ಲ, "ಆ ಹೆಣ್ಣು" ಎನ್ನುತ್ತಿದ್ದಳು. ಕಾಡಿನಲ್ಲಿ ಬುಟ್ಟಿ ನೇಯುವ ಮುದುಕಿಯೊಬ್ಬಳು ಆ ಹೆಣ್ಣಿನ ಬಾಣಂತನ ಮಾಡಿದಳಂತೆ. ಮಕ್ಕಳು ದೊಡ್ಡವರಾದ ಮೇಲೆ ಅರಸ ಬಾಗಿಲಿಗೆ ಬಂದು, "ಹೊರಡು, ಹೋಗುವ" ಎಂದನಂತೆ. "ಒಲೆಯ ಮೇಲೆ ಅನ್ನ ಉಂಟು, ಬಸಿದು ಬರುತ್ತೇನೆ" ಎಂದು ಆ ಹೆಣ್ಣು ಒಳಗೆ ಹೋದಳು. ಅರಸ ಕಾದ. ಗಂಜಿಯ ಘಮ ಬಂತು, ಅವಳು ಬರಲಿಲ್ಲ. ಒಳಗೆ ಹೋಗಿ ನೋಡಿದರೆ ಬಸಿದಿಟ್ಟ ಅನ್ನ ಬಿಸಿಯಾಗಿಯೇ ಇತ್ತು, ಒಲೆಯ ಪಕ್ಕದ ನೆಲ ಮಾತ್ರ ಬಿರಿದು ಮತ್ತೆ ಕೂಡಿಕೊಂಡಿತ್ತು.

"ಬೈಯಲಿಲ್ಲವಾ ಅವನಿಗೆ?" ಎಂದು ಕೇಳಿದೆ.

"ಬೈಯಲಿಕ್ಕೆ ಅವಳಿಗೆಲ್ಲಿ ಪುರುಸೊತ್ತು? ಮಕ್ಕಳಿಗೆ ಹಸಿವಾಗಿತ್ತಲ್ಲ" ಎಂದಳು ದೊಡ್ಡಮ್ಮ. ಹೂ ಒಯ್ದು ಬಸ್ಸಿಗೆ ಹಾಕುವ ಸೈಕಲ್ಲಿನವನು ಆಚೆಯಿಂದ, "ಹೂ ಮುಷ್ಟಿಯಷ್ಟು, ಕಥೆ ಬುಟ್ಟಿಯಷ್ಟು! ಬೇಗ ಕೊಡಿ ಮಾರಾಯ್ರೆ, ಕಾಪುವಿನ ಬಸ್ಸು ತಪ್ಪುತ್ತದೆ" ಎಂದು ಗದರಿಸಿದ. ಅವಳು ನಕ್ಕಳು. ಅವಳ ನಗು ನನಗೆ ನೆನಪಿರುವುದು ಅದೊಂದೇ.

ಎಂಬತ್ತರ ದಶಕ ಹತ್ತಿರ ಬರುವಾಗ ಅವಳ ಗಂಡ ಬಂದ. ತಲೆ ನರೆತಿತ್ತು. ಈ ಸಲ ಒಳಗೆ ಬಂದು ಬೆಲ್ಲ ನೀರು ಕುಡಿದ. "ತಾಯಿಗೆ ಏಳಲಿಕ್ಕೆ ಆಗುವುದಿಲ್ಲ. ಮನೆಯಲ್ಲಿ ಹೆಂಗಸರಿಲ್ಲ. ಕರೆದುಕೊಂಡು ಹೋಗಲಿಕ್ಕೆ ಬಂದದ್ದು" ಎಂದ. ಹಳೆಯ ಮಾತಿನ ಬಗ್ಗೆ ಒಂದು ಅಕ್ಷರ ಆಡಲಿಲ್ಲ. ಮಾವನ ಮುಖದಲ್ಲಿ ಹೊರೆ ಇಳಿದಂಥ ಬೆಳಕು. ಚಪ್ಪರಕ್ಕೆ ಬಂದು, "ಅವರೇ ಕರೆಯಲಿಕ್ಕೆ ಬಂದಿದ್ದಾರೆ. ಇನ್ನೆಂತ ಬೇಕು ನಿನಗೆ?" ಎಂದರು.

ದೊಡ್ಡಮ್ಮ ತಲೆ ಎತ್ತಲಿಲ್ಲ. "ಇಷ್ಟು ಹೂ ಕಟ್ಟಿ ಆಗಲಿ ಅಣ್ಣ, ಬರುತ್ತೇನೆ" ಎಂದಳು.

ನಾನು ಚಪ್ಪರದ ನೆಲವನ್ನೇ ನೋಡುತ್ತಾ ನಿಂತೆ. ಅವಳು ಕೊನೆಯ ಮೊಗ್ಗನ್ನು ಕಟ್ಟಿ, ನಾರನ್ನು ಹಲ್ಲಿನಲ್ಲಿ ಕತ್ತರಿಸಿ, ಮಾಲೆಯನ್ನು ಬಾಳೆಲೆಯಲ್ಲಿ ಸುತ್ತಿಟ್ಟಳು. ನೆಲ ಬಿರಿಯಲಿಲ್ಲ. ಕಾರ್ಕಳದ ಬಸ್ಸು ಬಂತು. ಅವಳು ಹತ್ತಿದಳು.

ಎರಡು ಮಳೆಗಾಲ ಕಳೆಯುವುದರೊಳಗೆ ಸುದ್ದಿ ಬಂತು. ಜ್ವರ ಎಂದರು. ಅತ್ತೆಯ ಮಂಚದ ಕೆಳಗೆ ಚಾಪೆಯ ಮೇಲೆ ಮಲಗಿದವಳು ಏಳಲಿಲ್ಲವಂತೆ. ಆ ವರ್ಷ ಆಟಿಯಲ್ಲಿ ಮಾವ ಚಾವಡಿಯಲ್ಲಿ ಕೂರಲಿಲ್ಲ. ಒಂದು ಸಂಜೆ ಮರದ ಪೀಠವನ್ನು ಎತ್ತಿಕೊಂಡು ಮಳೆಯಲ್ಲೇ ಅಂಗಳ ದಾಟಿ, ಸೋರುತ್ತಿದ್ದ ಚಪ್ಪರದಲ್ಲಿ ಲಾಟೀನಿಟ್ಟು, ಕೊನೆಯ ಹಾಳೆಗಳನ್ನು ಬಿಡಿಸಿ ಓದತೊಡಗಿದರು. ಶ್ಲೋಕದ ಮೇಲೆ ಶ್ಲೋಕ, ಅರ್ಥ ಹೇಳಲಿಲ್ಲ. ಕೇಳಲಿಕ್ಕೆ ಅಲ್ಲಿ ಯಾರೂ ಇರಲಿಲ್ಲ. ಅಮ್ಮ ಜಗಲಿಯಿಂದ, "ಅಣ್ಣ, ಪುಸ್ತಕ ನೆನೆಯುತ್ತದೆ, ಒಳಗೆ ಬನ್ನಿ" ಎಂದು ಕೂಗಿದಳು.

"ಒಳಗೆ ಓದಬಾರದಲ್ಲ ಮಾರಾಯ್ತಿ" ಎಂದರು ಮಾವ. ಅವರ ಧ್ವನಿ ಹಾಗೆ ಒಡೆದದ್ದನ್ನು ನಾನು ಮೊದಲು ಕೇಳಿರಲಿಲ್ಲ. ಅವರ ಓದು ಅಲ್ಲಿಗೇ ನಿಂತಿತು. ಮಾವ ಹೋದರು, ಅಮ್ಮ ಹೋದಳು, ಪಾಲಾಗಿ ಮನೆ ಬಿತ್ತು. ಈಗ ಅಲ್ಲಿ ಮದುವೆ ಹಾಲ್‌ಗೆ ಬರುವ ಕಾರುಗಳು ನಿಲ್ಲುತ್ತವೆ. ಕಾಪುವಿಗೆ ಹೋಗುವಾಗ ನಾನು ಬಸ್ಸಿನ ಇನ್ನೊಂದು ಬದಿಗೆ ಕೂರುತ್ತೇನೆ.

ಸಂಜೆ ಶ್ರಾವ್ಯ ಬಂದಳು. ಮಗ, ಸೊಸೆ, ಎಲ್ಲರೂ ಒಟ್ಟಿಗೆ ಕೂತೆವು. ಕುಚ್ಚಲಕ್ಕಿ ಅನ್ನ, ಬಂಗುಡೆ ಮೀನಿನ ಗಸಿ, ಗಸಗಸೆ ಪಾಯಸ. ಅವಳು ತುತ್ತು ನಿಲ್ಲಿಸಿ, "ಅಜ್ಜೀ, ಪಟ್ಟಾಭಿಷೇಕದ ನಂತರದ್ದು ನಿಮ್ಮಲ್ಲಿ ಹೇಗೆ ಹೇಳುತ್ತಿದ್ದರು?" ಎಂದು ಕೇಳಿದಳು. ಮಗ, "ಒಳ್ಳೆಯ ದಿನ, ಊಟದ ಹೊತ್ತಿಗೆ ಅದೆಲ್ಲ ಬೇಡ ಅಮ್ಮ, ಅಂಗಳದಲ್ಲಿ ಕೂತು ಹೇಳಿ ಬೇಕಾದರೆ" ಎಂದ.

"ಅಂಗಳಕ್ಕೆ ನಾನು ಹೋಗುವುದಿಲ್ಲ" ಎಂದೆ. ಅಲ್ಲಿಯೇ, ಮಾಡಿನಡಿ, ಊಟದ ನಡುವೆ, ಮೊದಲಿನಿಂದ ಹೇಳಿದೆ. ದೊಡ್ಡಮ್ಮನ ಹೆಸರು ಹಿಡಿದೇ ಹೇಳಿದೆ, ಅವಳ ಮೇಲೆ ಬಂದ ಮಾತು ಸುಳ್ಳೆಂದೂ ಹೇಳಿದೆ. ಬಡಿಸಲಿಕ್ಕೆ ಎದ್ದ ಸೊಸೆ ಸೌಟು ಹಿಡಿದು ಹಾಗೆಯೇ ನಿಂತಳು. ಎಲ್ಲರ ಕೈಯಲ್ಲಿ ಅನ್ನ ಒಣಗಿತು, ಯಾರೂ ಕೈ ತೊಳೆಯಲು ಏಳಲಿಲ್ಲ.