ಚಿಬ್ಬಲಿಯ ಎರಡನೆಯ ಅರ್ಥ

ಅವರ ಕೆಳದುಟಿಯ ನಡುವೆ ಯಾವಾಗಲೂ ಒಂದು ನೇರಳೆ ಕಲೆ ಇರುತ್ತಿತ್ತು. ಒದ್ದೆಯಾದರೆ ನೇರಳೆಯಾಗುವ ಕಾಪಿ ಪೆನ್ಸಿಲನ್ನು ನಾಲಿಗೆಗೆ ತಾಗಿಸಿ ಬರೆಯುವುದು ಅವರ ರೂಢಿ. ದಿನಕ್ಕೆ ನೂರಾರು ಚೀಟಿ ಬರೆದು ಬರೆದು ಆ ಬಣ್ಣ ತುಟಿಯ ಚರ್ಮದಲ್ಲೇ ಇಳಿದುಬಿಟ್ಟಿತ್ತು. ಊಟ ಮಾಡಿ, ಎಲೆ ಅಡಿಕೆ ಹಾಕಿ, ಬಾಯಿ ಮುಕ್ಕಳಿಸಿ ಬಂದರೂ ಅದು ಹೋಗುತ್ತಿರಲಿಲ್ಲ. ಧಾರವಾಡದ ಮಾಳಮಡ್ಡಿಯಲ್ಲಿ ಅವರನ್ನು ಎಲ್ಲರೂ ಮಾಸ್ತರರು ಎನ್ನುತ್ತಿದ್ದರು. ನಾನೂ ಹಾಗೆಯೇ ಕರೆದೆ.

ಸಾಲೆಯಿಂದ ನಿವೃತ್ತರಾದ ಮೇಲೆ ಅವರು ಒಂದು ಶಬ್ದಕೋಶದ ಕೆಲಸ ಹಿಡಿದಿದ್ದರು. ಊರಿನ ಕೆಲವು ಹಿರಿಯರು ಸೇರಿ ಒಂದು ಸಮಿತಿ ಮಾಡಿಕೊಂಡು, ಒಂದು ಹಳೆಯ ಮನೆಯ ಎರಡು ಕೋಣೆಗಳನ್ನು ಅದಕ್ಕೆ ಬಿಟ್ಟುಕೊಟ್ಟಿದ್ದರು. ಅರವತ್ತರ ದಶಕದ ಮೊದಲ ವರ್ಷಗಳು ಅವು. ನಾನು ಬಿ.ಎ. ಮುಗಿಸಿ, ಶಬ್ದಕ್ಕೊಂದರಂತೆ ಬರೆದ ಚೀಟಿಗಳನ್ನು ಶುದ್ಧಪ್ರತಿ ಮಾಡುವ ಹಂಗಾಮಿ ಕಾರಕೂನನಾಗಿ ಅಲ್ಲಿ ಸೇರಿದೆ. ನಮ್ಮ ಮನೆ ಹುಬ್ಬಳ್ಳಿಯ ಹತ್ತಿರದ ಗಬ್ಬೂರಿನಲ್ಲಿ. ಅಪ್ಪ ಹುಬ್ಬಳ್ಳಿಯ ಗೋದಾಮಿನಲ್ಲಿ ಹಮಾಲಿ ಮಾಡುತ್ತಿದ್ದ. ನಾವು ಬೌದ್ಧರಾಗಿ ಆಗಿನ್ನೂ ನಾಲ್ಕೈದು ವರ್ಷ. ಹೆಸರು ಹೇಳಿದ ಕೂಡಲೇ ಜನ ಊರು ಕೇಳುತ್ತಿದ್ದರು, ಊರು ಹೇಳಿದರೆ ಓಣಿ ಕೇಳುತ್ತಿದ್ದರು. ಮಾಸ್ತರರು ಏನೂ ಕೇಳಲಿಲ್ಲ. ನಾನು ಬರೆದ ಅರ್ಜಿಯನ್ನು ಎರಡು ಸಲ ಓದಿ, "ಅಕ್ಷರ ಛಲೋ ಅದ. ನಾಳಿಂದ ಬರ್ರಿ" ಎಂದರು. ಮೇಲಿನ ಜಾತಿಯ ಹಿರಿಯರೊಬ್ಬರು ನನಗೆ "ರಿ" ಹಚ್ಚಿ ಮಾತಾಡಿದ್ದು ಅದೇ ಮೊದಲು. ಅಂದು ಸಂಜೆ ಅದನ್ನು ಅವ್ವನಿಗೆ ಹೇಳಿದ್ದೆ.

ಎಲ್ಲವೂ ಅಷ್ಟು ಸರಳವಾಗಿರಲಿಲ್ಲ. ಕೆಲಸದ ಮೇಲೆ ಅವರ ಮನೆಗೆ ಹೋದಾಗ ನಾನು ಕೂರುತ್ತಿದ್ದದ್ದು ಹೊರಗಿನ ಕಟ್ಟೆಯ ಮೇಲೆ. ಅವರ ಹೆಂಡತಿ ನೀರನ್ನು ಮೇಲಿನಿಂದ ಬೊಗಸೆಗೆ ಸುರಿಯುತ್ತಿದ್ದರು. ಮಾಸ್ತರರು ಅದನ್ನು ನೋಡುತ್ತಿದ್ದರು, ಏನೂ ಅನ್ನುತ್ತಿರಲಿಲ್ಲ. ಮರುದಿನ ಕಚೇರಿಯಲ್ಲಿ ಮಾತ್ರ ತಾವು ಕುಡಿಯುವ ತಂಬಿಗೆಯನ್ನು ನನ್ನ ಕಡೆ ಸರಿಸುತ್ತಿದ್ದರು.

ಅವರಿಗೆ ಒಂದು ಹಟವಿತ್ತು. ಒಂದು ಶಬ್ದ ಹಳೆಯ ಕಾಗದದಲ್ಲಿ ಸಿಕ್ಕರೆ ಸಾಲದು, ಅದನ್ನು ಆಡುವ ಒಂದು ಬಾಯಿ ಸಿಗಬೇಕು. "ಯಾರೂ ಆಡದ ಶಬ್ದಕ್ಕ ನಾವು ಅರ್ಥ ಬರದ್ರ, ಅದು ನಮ್ಮ ಅರ್ಥ ಆಗತದ, ಶಬ್ದದ್ದಲ್ಲ" ಎನ್ನುತ್ತಿದ್ದರು. ಬಡಿಗರ ಬಳಿ, ನೇಕಾರರ ಬಳಿ, ಜಾತ್ರೆಗೆ ಬಂದ ಕುರುಬರ ಬಳಿ ಚೀಟಿ ಹಿಡಿದು ನಿಲ್ಲುತ್ತಿದ್ದರು. ಹಾಗೆ ನಿಂತವರೇ ಒಂದು ದಿನ ನನ್ನ ಮೇಜಿನ ಮುಂದೆ ಬಂದು ನಿಂತರು.

ಕರಾವಳಿಯ ಒಂದು ಹಾಡಿನ ಕೈಬರಹದಲ್ಲಿ ಅವರಿಗೆ "ಚಿಬ್ಬಲಿ" ಎಂಬ ಮಾತು ಸಿಕ್ಕಿತ್ತು. ಅದು ಸಮುದ್ರದ ಬಂಡೆಯ ಸಂದಿನಲ್ಲಿ ಇರುವ ಏನೋ ಒಂದು ಎಂಬುದಷ್ಟೇ ಆ ಸಾಲಿನಿಂದ ತಿಳಿಯುತ್ತಿತ್ತು.

"ಇದು ಸಣ್ಣ ಮೀನಿನ ಹೆಸರು ಇರಬೇಕು. ನಿಮ್ಮ ಮಂದಿ ಮೀನು ತಿಂತಾರಲ್ಲ, ಮನ್ಯಾಗ ಕೇಳಿ ಬರ್ರಿ" ಎಂದರು.

"ನಮ್ಮವ್ವ ಸಮುದ್ರಾನ ನೋಡಿಲ್ಲರಿ. ಹಳ್ಳದಾಗ ಸಿಕ್ಕರ ತಿಂತೇವಿ. ಈ ಮೀನಿನ ವಿಷಯ ನಿಮಗೆಷ್ಟು ಗೊತ್ತೈತೋ ನಮಗೂ ಅಷ್ಟ" ಎಂದೆ. ಅಷ್ಟು ಗಡುಸಾಗಿ ನಾನು ಯಾರಿಗೂ ಉತ್ತರ ಕೊಟ್ಟಿರಲಿಲ್ಲ. ಕೆಲಸ ಹೋಯಿತೆಂದೇ ಅಂದುಕೊಂಡು ಮನೆಗೆ ಹೋದೆ.

ಮರುದಿನ ಅವರು ನನಗಿಂತ ಮೊದಲೇ ಬಂದು ಕುಳಿತಿದ್ದರು. "ನಿನ್ನೆ ನಾ ಕೇಳಿದ್ದು ತಪ್ಪು. ನಡೀರಿ, ಗೊತ್ತಿದ್ದವರನ್ನ ಹುಡುಕೂಣು. ಇಬ್ಬರೂ ಹೋಗೂಣು" ಎಂದು ಛತ್ರಿ ತೆಗೆದುಕೊಂಡರು.

ಹುಬ್ಬಳ್ಳಿಯ ಕಮರಿಪೇಟೆಯ ಒಂದು ಸಂದಿಯ ಬಾಯಲ್ಲಿ ಒಣಮೀನು ಮಾರುವ ಹೆಂಗಸೊಬ್ಬಳಿದ್ದಳು. ಕರಾವಳಿಯಿಂದ ಬಂದು ಇಪ್ಪತ್ತು ವರ್ಷವಾಗಿತ್ತು, ಮಾತೆಲ್ಲ ಹುಬ್ಬಳ್ಳಿಯದೇ ಆಗಿತ್ತು. ಕರಿ ಕೋಟು, ಕಚ್ಚೆ ಧೋತರ, ಹಣೆಯ ಮೇಲೆ ಅಕ್ಷತೆ ಅಂಗಾರ ಇದ್ದ ಮುದುಕರು ತನ್ನ ಬುಟ್ಟಿಯ ಮುಂದೆ ನಿಂತದ್ದನ್ನು ಕಂಡು ಅವಳಿಗೆ ನಗು ಬಂತು. ಆಚೀಚೆಯವರೂ ತಿರುಗಿ ನೋಡಿದರು. ಮಾಸ್ತರರು ಧೋತರದ ಚುಂಗನ್ನು ಮೂಗಿಗೆ ಹಿಡಿದಿದ್ದರು. ಅವಳು ಅದನ್ನು ನೋಡುತ್ತಿದ್ದಾಳೆ ಎಂದು ಅರಿವಾದಾಗ ಕೈ ಕೆಳಗಿಳಿಸಿದರು.

"ಏನ್ ಬೇಕ್ರೀ ಸ್ವಾಮ್ಯಾರ?"

"ಮೀನು ಬ್ಯಾಡವಾ. ಒಂದು ಮಾತಿನ ಅರ್ಥ ಬೇಕು. ಚಿಬ್ಬಲಿ ಅಂದ್ರೇನು?"

ಅವಳ ನಗು ನಿಂತಿತು. "ಆ ಮಾತು ನಿಮಗ ಯಾರ್ ಹೇಳಿದ್ರು?"

ಪುಸ್ತಕಕ್ಕಾಗಿ ಎಂದು ಮಾಸ್ತರರು ತಿಳಿಸಿ ಹೇಳಿದರು. ಅವಳು ಬಹಳ ಹೊತ್ತು ಬುಟ್ಟಿಯಲ್ಲಿನ ಮೀನನ್ನು ಸುಮ್ಮನೆ ಸರಿಪಡಿಸುತ್ತಿದ್ದಳು. ಆಮೇಲೆ ಒಂದು ಗೋಣಿಚೀಲ ಹಾಸಿ ಕೂರಲು ಹೇಳಿದಳು. ಮಾಸ್ತರರು ಕುಳಿತರು.

"ಮೀನ ಅದು. ಬೆರಳುದ್ದ ಇರತೈತಿ. ಸಮುದ್ರದಾಗಿನ ಬಂಡಿ ಸಂದ್ಯಾಗ ಇರೂದು. ಮೈಮ್ಯಾಲ ಬಿಳೇ ಚಿಬ್ಬು ಚಿಬ್ಬು, ಅದಕ್ಕ ಚಿಬ್ಬಲಿ. ನೀರು ಸರದ ಮ್ಯಾಲ ಕಲ್ಲಿನ ಗುಂಡ್ಯಾಗ ಉಳದಿರತಾವು. ಬಲೀಗೆ ಸಿಗಂಗಿಲ್ಲ, ಸಿಕ್ಕರೂ ಯಾರೂ ಕೊಳ್ಳಂಗಿಲ್ಲ. ಬಡವರ ಹುಡುಗ್ರು ಆರಿಸಿ ತಂದು ಸುಟಗೊಂಡು ತಿಂತಾವು."

ಮಾಸ್ತರರು ಪೆನ್ಸಿಲನ್ನು ನಾಲಿಗೆಗೆ ತಾಗಿಸಿ ಬರೆದುಕೊಂಡರು. "ಛಲೋ ಆತವಾ. ಬ್ಯಾರೆ ಯಾವುದಕ್ಕರೆ ಈ ಮಾತು ಬಳಸ್ತಾರೇನು?"

"ಬಳಸ್ತಾರ. ನಮಗ ಬಳಸ್ತಿದ್ರು." ಅವಳು ತನ್ನ ಮುಂಗೈ ನೋಡಿಕೊಂಡಳು. "ನಾನು, ನನ್ನ ತಂಗಿ ದಿನಾ ಆ ಗುಂಡ್ಯಾಗ ಆರಸ್ತಿದ್ವಿ. ಉಪ್ಪುನೀರಿಗೆ ಮೈಯೆಲ್ಲಾ ಚಿಬ್ಬು ಎದ್ದಿದ್ವು. ಮೀನಿನ ಬಲಿ ಇದ್ದ ಸಾವಕಾರರು ಕೂಲ್ಯಾರ ಮಕ್ಕಳಿಗೆಲ್ಲಾ ಅದ ಹೆಸರಿಟ್ಟಿದ್ರು. ಏ ಚಿಬ್ಬಲಿ, ಬುಟ್ಟಿ ಹೊರು. ಏ ಚಿಬ್ಬಲಿ, ದೂರ ನಿಲ್ಲು. ನನ್ನ ತಂಗಿಗೆ ಒಂದ್ ಚಂದದ ಹೆಸರಿತ್ತರಿ. ಮನಿ ಹೊರಗ ಯಾರೂ ಕರೀಲಿಲ್ಲ. ಜ್ವರಾ ಬಂದು ಸತ್ಲು. ಸಾವಕಾರ ಏನಂದಾ ಗೊತ್ತೈತೇನ್ರಿ? ಒಂದ್ ಚಿಬ್ಬಲಿ ಕಡಿಮಿ ಆತು ಅಂದಾ."

ಸಂದಿಯಲ್ಲಿ ಒಂದು ಸೈಕಲ್ಲು ಗಂಟೆ ಬಾರಿಸುತ್ತಾ ಹೋಯಿತು. ಮಾಸ್ತರರ ಕೈ ನಿಂತಿತ್ತು.

"ಇದನ್ನ ಬರೀಬ್ಯಾಡ ಅಂದ್ರ ಬಿಡ್ತೇನವಾ" ಎಂದರು.

"ಯಾಕ್ ಬಿಡ್ತೀರಿ? ಬರದ್ರ ಪೂರಾ ಬರೀರಿ. ಬರೇ ಮೀನು ಅಂತ ಬರದ್ರ ಸುಳ್ಳಾಗತೈತಿ."

ವಾಪಸು ಬರುವಾಗ ಬಸ್ಸಿನಲ್ಲಿ ಅವರು ಆ ಚೀಟಿಯನ್ನು ಮತ್ತೆ ಮತ್ತೆ ತೆಗೆದು ಓದಿದರು. ನಮ್ಮ ಅಪ್ಪನನ್ನು ಗೋದಾಮಿನಲ್ಲಿ ಯಾವ ಹೆಸರಿನಿಂದ ಕೂಗುತ್ತಾರೆ ಎಂಬುದು ನನಗೆ ಗೊತ್ತಿತ್ತು. ಆ ಶಬ್ದವೂ ನಮ್ಮ ಕಚೇರಿಯ ಯಾವುದೋ ಚೀಟಿ ಪೆಟ್ಟಿಗೆಯಲ್ಲಿ, ಒಂದು ಸಾಲಿನ ಅರ್ಥದೊಂದಿಗೆ ತಣ್ಣಗೆ ಕುಳಿತಿತ್ತು.

ಆ ಚೀಟಿಯನ್ನು ಮಾಸ್ತರರು ನಾಲ್ಕು ದಿನ ಬರೆದರು, ಹರಿದರು, ಮತ್ತೆ ಬರೆದರು. ಮೊದಲನೆಯ ಅರ್ಥ: ಸಮುದ್ರದ ಬಂಡೆಗಳ ಸಂದಿನಲ್ಲಿ ವಾಸಿಸುವ, ಬಿಳಿಯ ಮಚ್ಚೆಗಳುಳ್ಳ ಸಣ್ಣ ಮೀನು. ಎರಡನೆಯದು: ಬಲೆಯ ಒಡೆಯರು ಕೂಲಿಯವರ ಮಕ್ಕಳನ್ನು ಹೀನಾಯವಾಗಿ ಕರೆಯುತ್ತಿದ್ದ ಹೆಸರು, ಹಾಗೆ ಕರೆಯಿಸಿಕೊಂಡವರು ಇದನ್ನು ತಮ್ಮ ಹೆಸರೆಂದು ಒಪ್ಪಿದವರಲ್ಲ. ಕೆಳಗೆ ಆಧಾರವೆಂದು ಆ ಹೆಂಗಸಿನ ಹೆಸರು, ಅವಳ ಕಸುಬು, ಓಣಿ.

ಸಮಿತಿಯ ಸಭೆಯಲ್ಲಿ ಅದಕ್ಕೆ ದೊಡ್ಡ ಗದ್ದಲವಾಯಿತು. ಕಾರ್ಯದರ್ಶಿ ವಕೀಲರು. ಚೀಟಿಯನ್ನು ಎರಡು ಬೆರಳಿನಲ್ಲಿ ಎತ್ತಿ ಹಿಡಿದು, "ಮಾಸ್ತರ, ಇದು ಕೋಶನೋ, ಮೀನಪ್ಯಾಟಿನೋ? ಇದು ಚಿಬ್ಬಲು, ಬಿದಿರಿನ ತಟ್ಟಿ. ಆ ಹಾಡು ಬರಕೊಂಡಾಂವ ತಪ್ಪು ಬರದಾನ, ಅಷ್ಟ" ಎಂದರು.

"ಬಿದಿರಿನ ತಟ್ಟಿ ಬಂಡಿ ಸಂದ್ಯಾಗ ಈಜತದೇನ್ರಿ?" ಮಾಸ್ತರರು ಕೇಳಿದರು. ಒಬ್ಬಿಬ್ಬರು ನಕ್ಕರು. ವಕೀಲರ ಮುಖ ಬಿಗಿಯಿತು.

"ಮೀನು ಅಂತನ ಇಟ್ಟಗೋರಿ. ಈ ಎರಡನೇ ಅರ್ಥ, ಈ ಹೆಂಗಸಿನ ಹೆಸರು ಬ್ಯಾಡ. ನಾಳೆ ಓದಿದವರು ನಗತಾರ."

"ಪಂಡಿತರ ಹೆಸರು ಆಧಾರಕ್ಕ ಹಾಕೇವಿ. ಅವರು ಓದಿ ತಿಳಕೊಂಡವರು. ಈಕಿ ಅನುಭವಿಸಿದಾಕಿ. ಈಕಿ ಹೆಸರು ತಗದ್ರ ನನ್ನ ಹೆಸರೂ ತಗೀರಿ."

ಅವರು ಅಷ್ಟು ಎತ್ತರದ ದನಿಯಲ್ಲಿ ಮಾತಾಡಿದ್ದನ್ನು ನಾನು ಕೇಳಿದ್ದು ಅದೊಂದೇ ಸಲ. ತೀರ್ಮಾನವಾಗದೆ ಸಭೆ ಮುರಿಯಿತು. ಅವರು ಮೀನಿನ ಬುಟ್ಟಿಯ ಮುಂದೆ ಗೋಣಿಚೀಲದ ಮೇಲೆ ಕುಳಿತ ಸುದ್ದಿ ಅಷ್ಟರಲ್ಲಿ ಮಾಳಮಡ್ಡಿಗೂ ಮುಟ್ಟಿತ್ತು. ಶ್ರಾವಣದಲ್ಲಿ ಅವರನ್ನು ಊಟಕ್ಕೆ ಕರೆಯುತ್ತಿದ್ದ ಎರಡು ಮನೆಗಳು ಆ ವರ್ಷ ಕರೆಯಲಿಲ್ಲ. "ಹಪ್ಪಳ ಉಳೀತು ಅವರಿಗೆ" ಎಂದು ಮಾಸ್ತರರು ನಗಲು ನೋಡಿದರು. ನಗು ಬರಲಿಲ್ಲ.

ದೀಪಾವಳಿಯ ನಂತರ ಅವರಿಗೆ ಲಕ್ವಾ ಹೊಡೆಯಿತು. ಬಲಗೈ ಸ್ವಾಧೀನ ತಪ್ಪಿತು. ಇತ್ತ ಮೊದಲ ಸಂಪುಟ ಅಚ್ಚಿಗೆ ಹೋಗುವ ಹೊತ್ತು. ಕಾರ್ಯದರ್ಶಿಗಳು ನನ್ನನ್ನು ಕರೆಸಿದರು. ದನಿ ಬಹಳ ಮೆತ್ತಗಿತ್ತು.

"ಚಿಬ್ಬಲಿ ಚೀಟಿ ಒಂದ ಸಾಲಿಗೆ ಇಳಸ್ರಿ. ಒಂದು ಬಗೆಯ ಸಣ್ಣ ಮೀನು, ಸಾಕು. ನಿಮ್ಮನ್ನ ಕಾಯಂ ಮಾಡೂ ವಿಚಾರ ಮುಂದಿನ ಸಭಾದಾಗ ಅದ."

ಬೆದರಿಸಲಿಲ್ಲ, ಬೈಯಲಿಲ್ಲ. ಅಪ್ಪನ ಸೊಂಟ ಆ ವರ್ಷ ಪೂರ್ತಿ ಹೋಗಿತ್ತು. ತಂಗಿ ಮ್ಯಾಟ್ರಿಕ್ಕಿನಲ್ಲಿದ್ದಳು. ಇವೆಲ್ಲ ನಿಜವಾದ ಕಾರಣಗಳು. ಆದರೂ, ಒಂದು ದಿನ ಯೋಚಿಸುತ್ತೇನೆ ಎನ್ನಬಹುದಿತ್ತು. ನಾನು ಅಲ್ಲೇ, ಅವರ ಮೇಜಿನ ಮೂಲೆಯಲ್ಲಿ ನಿಂತುಕೊಂಡೇ ಹೊಸ ಚೀಟಿ ಬರೆದುಕೊಟ್ಟೆ. ಮಾಸ್ತರರು ಮೆಚ್ಚಿದ್ದ ಅಕ್ಷರದಲ್ಲಿ.

ಮರುವಾರ ಮಾಸ್ತರರ ಹೆಂಡತಿ ಹೇಳಿಕಳಿಸಿದರು. ಆ ಮಧ್ಯಾಹ್ನ ಮೊದಲ ಬಾರಿಗೆ ನನ್ನನ್ನು ನಡುಮನೆಗೆ ಕರೆದೊಯ್ದರು. "ನಿನ್ನೆಯಿಂದ ನಿಮ್ಮ ಹೆಸರು ಹಿಡದಾರ, ಬರ್ರಿ" ಎಂದು ತಾವೇ ಚಾಪೆ ಹಾಸಿದರು. ಮಾಸ್ತರರ ಮುಖ ಒಂದು ಕಡೆ ಜಗ್ಗಿತ್ತು. ಮಾತು ತೊದಲುತ್ತಿತ್ತು. ಎರಡು ಸಲ ಕೇಳಿದ ಮೇಲೆ ನನಗೆ ತಿಳಿಯಿತು.

"ಚಿಬ್ಬಲಿ... ಅಚ್ಚಿಗೆ ಹೋತೇನ್ರಿ?"

"ಹೋತರಿ ಮಾಸ್ತರ" ಎಂದೆ.

"ಪೂರಾ?"

ಅವರ ಹೆಂಡತಿ ಬಾಗಿಲ ಬಳಿ ನಿಂತಿದ್ದರು. "ಪೂರಾ ಹೋತರಿ" ಎಂದೆ.

ಅವರು ಎಡಗೈಯನ್ನು ಎತ್ತಿ ನನ್ನ ಮಂಡಿಯ ಮೇಲೆ ಇಟ್ಟರು. ಬಹಳ ಹೊತ್ತು ತೆಗೆಯಲಿಲ್ಲ. ಐದನೆಯ ದಿನ ತೀರಿಕೊಂಡರು. ನಾನು ಅಂಗಳದ ಹೊರಗೆ, ಬೇವಿನ ಗಿಡದ ಕೆಳಗೆ ನಿಂತು ಕಳುಹಿಸಿಕೊಟ್ಟೆ. ಅದೇ ತಿಂಗಳು ನನ್ನ ನೌಕರಿ ಕಾಯಂ ಆಯಿತು.

ಪುಸ್ತಕ ಬಂದ ಮೇಲೆ ಮೂರು ತಿಂಗಳು ನಾನು ಕಮರಿಪೇಟೆಯ ಕಡೆ ಹೋಗಲಿಲ್ಲ. ಕೊನೆಗೆ ಒಂದು ಭಾನುವಾರ ಸಂಪುಟವನ್ನು ವಸ್ತ್ರದಲ್ಲಿ ಸುತ್ತಿಕೊಂಡು ಹೋದೆ. ಅವಳು ಗುರುತು ಹಿಡಿದಳು. ಕೈ ಒರೆಸಿಕೊಂಡು, ಪುಸ್ತಕವನ್ನು ಮುಟ್ಟದೆ, "ಓದ್ರಿ" ಎಂದಳು.

ನಾನು ಓದಿದೆ. "ಚಿಬ್ಬಲಿ. ಒಂದು ಬಗೆಯ ಸಣ್ಣ ಮೀನು."

ಅವಳು ಕಾದಳು. "ಮುಂದ?"

"ಇಷ್ಟ ಐತರಿ."

ಅವಳು ಪುಟವನ್ನೇ ನೋಡುತ್ತಿದ್ದಳು, ಓದಲು ಬರುವವಳ ಹಾಗೆ. "ಆ ಸ್ವಾಮ್ಯಾರು ಎಲ್ಲಿ ಅದಾರ?"

"ತೀರಿಕೊಂಡ್ರು."

"ಅದಕ್ಕ" ಎಂದಳು. ಸೆರಗಿನಿಂದ ಕಣ್ಣು ಒರೆಸಿಕೊಂಡಳು. "ಅವರು ಇದ್ದಿದ್ರ ಪೂರಾ ಇರತಿತ್ತು."

ನಾನು ಅದನ್ನು ಕತ್ತರಿಸಿದಾಗ ಅವರು ಇನ್ನೂ ಬದುಕಿದ್ದರು ಎಂಬುದನ್ನು ನಾನು ಅವಳಿಗೆ ಹೇಳಲಿಲ್ಲ.