ಸೀರೆ ಅಂಗಡಿಗೆ ಬಂದ ಹಳೆಯ ಪೆನಾಲ್ಟಿ

ಗೆಳೆಯರೇ, ಬೆಂಗಳೂರಿನ ತಂಡವೊಂದರಲ್ಲಿ ಒಂಬತ್ತು ವರ್ಷ ಸಂಬಳಕ್ಕೆ ಫುಟ್‌ಬಾಲ್ ಆಡಿ, ಮೊಣಕಾಲು ಕೈಕೊಟ್ಟ ಮೇಲೆ ದಾವಣಗೆರೆಯಲ್ಲಿ ಸೀರೆ ಅಂಗಡಿ ಇಟ್ಟವನು ನಾನು. ಇವತ್ತು ಹರಿಹರದ ಗಂಡ ಹೆಂಡತಿ ಜಟಕಾ ಇಳಿದು, ಮಗಳ ಮದುವೆಗೆ ಸೀರೆ ಕೊಳ್ಳಲು ಬಂದು ಕೂತರು. ಯಜಮಾನರು ನನ್ನ ಮುಖ ನೋಡಿದವರೇ ಎದ್ದು ನಿಂತರು.

“ಫೈನಲ್ನಾಗ ಪೆನಾಲ್ಟಿ ಹೊರಗೆ ಹೊಡೆದೋರು ನೀವೇ ಅಲ್ಲೇನ್ರಿ? ಆ ಮ್ಯಾಚ್ ನೋಡಾಕ ಬೆಂಗಳೂರಿಗೆ ಬಂದಿದ್ದೆ. ಅವತ್ತು ಉಣ್ಣಲಿಲ್ಲ ನಾನು. ನಿಮ್ಮ ಸೀರೆ ಬ್ಯಾಡ.”

“ನಾನೇ ರೀ. ಅವತ್ತು ನಾನೂ ಉಂಡಿರಲಿಲ್ಲ,” ಎಂದೆ.

ಅವರ ಹೆಂಡತಿ ಕದಲಲಿಲ್ಲ. “ಇಬ್ರೂ ಉಪಾಸ ಇದ್ರಿ, ಸಮ ಆತು. ನೀವು ಕೂಡ್ರಿ. ಅಣ್ಣಾರೆ, ಆ ಹಸಿರು ಸೀರೆ ತೆಗೀರಿ.”

ಯಜಮಾನರು ಕೂತರು. ಆರು ಸೀರೆ ಕೊಂಡರು. ನಾನು ಹೊಡೆದ ಗೋಲುಗಳ ಬಗ್ಗೆ ಅವರು ಕೇಳಲಿಲ್ಲ. ನಾನೂ ಹೇಳಲಿಲ್ಲ; ಮಡಿಸಿಡಬೇಕಾದ ಸೀರೆಗಳು ಬಹಳ ಇದ್ದವು.