ಕಮಲವ್ವನ ಹರಕೆಯ ಬೆಲ್ಲ

ಹ್ಯೂಸ್ಟನ್ ಮಗ್ಗುಲಿನ ಕ್ಲಿಯರ್ ಲೇಕ್‌ನ ಕಮಲವ್ವ ಎಂದರೆ ಟೆಕ್ಸಾಸಿನ ಕನ್ನಡದ ಹೆಂಗಸರಿಗೆ ಮೊದಲು ನೆನಪಾಗುವುದು ರವಿಕೆ. ಆಸ್ಟಿನ್‌ನಿಂದ ಬರುತ್ತಾರೆ, ನಾಲ್ಕು ತಾಸು ಡ್ರೈವ್ ಮಾಡಿಕೊಂಡು ಡಲ್ಲಾಸಿನಿಂದಲೂ ಬರುತ್ತಾರೆ. ದೀಪಾವಳಿ ಹತ್ತಿರವಾದರೆ ಆಕೆಯ ಮನೆಯ ಸೋಫಾದ ಮೇಲೆ ಮನುಷ್ಯರಿಗೆ ಜಾಗವಿರುವುದಿಲ್ಲ, ಬರೀ ಬ್ಲೌಸ್ ಪೀಸಿನ ಚೀಲಗಳು. "ಉಸಿರು ಬಿಡವ್ವ ತಂಗಿ, ಊಟ ಮಾಡಿದ ಮ್ಯಾಲೂ ಹಾಕ್ಕೋಬೇಕಲ್ಲ" ಎನ್ನುತ್ತ ಟೇಪು ಸುತ್ತುತ್ತಾಳೆ. ಹೊಲಿಗೆ ಮಷೀನಿನಷ್ಟೇ ವೇಗವಾಗಿ ಬಾಯಿಯೂ ಓಡುತ್ತದೆ. ಅಳತೆ ಕೊಡಲು ಬಂದವರು ಹೊರಡುವಷ್ಟರಲ್ಲಿ ತಮ್ಮ ಅತ್ತೆಯ ವಿಷಯವನ್ನೂ ಹೇಳಿ ಮುಗಿಸಿರುತ್ತಾರೆ.

ಗಂಡ ಚನ್ನವೀರಪ್ಪ ಇದಕ್ಕೆ ಪೂರ್ತಿ ತದ್ವಿರುದ್ಧ. ಮಾತು ಬೇಕೆಂದರೆ ಆತನ ಬಾಯಿಂದ ಇಕ್ಕಳ ಹಾಕಿ ಎಳೆಯಬೇಕು. ಮಹಾಲಿಂಗಪುರದ ಬೆಲ್ಲದ ಪೇಟೆಯಲ್ಲಿ ಅಡತಿ ಅಂಗಡಿ ಇಟ್ಟ ದಲಾಲರ ಮಗ. ಬೆಲ್ಲದ ಪೆಂಟೆ, ತಕ್ಕಡಿ, ನೊಣ ಎಲ್ಲ ಸಾಕೋ ಸಾಕಾಗಿ ಎಂಜಿನಿಯರಿಂಗ್ ಓದಿದವನು ಕೊನೆಗೆ ಬಂದು ಸೇರಿದ್ದೂ ತೂಕದ ಕೆಲಸಕ್ಕೇ. ಬಾಹ್ಯಾಕಾಶ ಕೇಂದ್ರಕ್ಕೆ ಸಾಮಾನು ಒದಗಿಸುವ ಕಂಪನಿಯಲ್ಲಿ, ಮೇಲಕ್ಕೆ ಹೋಗುವ ಒಂದೊಂದು ವಸ್ತುವನ್ನೂ ತೂಗಿ ಯಾವ ಭಾರ ಎಲ್ಲಿ ಕೂರಬೇಕೆಂದು ಲೆಕ್ಕ ಹಾಕುವುದು. ನಿವೃತ್ತನಾಗುವವರೆಗೆ ಅದನ್ನೇ ಮಾಡಿದ.

ಆತನ ಆಫೀಸಿನ ಗೋಡೆಯ ಮೇಲೆ ಒಂದು ಫೋಟೋ ಇತ್ತು. ಪೆರು ದೇಶದ ನಾಸ್ಕಾ ಮರುಭೂಮಿಯದು. ಎಷ್ಟೋ ಶತಮಾನಗಳ ಹಿಂದೆ ಅಲ್ಲಿನ ಜನ ನೆಲದ ಕಪ್ಪು ಕಲ್ಲುಗಳನ್ನು ಸರಿಸಿ, ಅಡಿಯ ಬಿಳಿ ಮಣ್ಣು ಕಾಣುವಂತೆ ಮಾಡಿ ದೊಡ್ಡ ದೊಡ್ಡ ಚಿತ್ರ ಬರೆದಿದ್ದಾರೆ. ಮಂಗ, ಜೇಡ, ಹಕ್ಕಿ. ಸರಿಯಾಗಿ ಕಾಣಬೇಕಾದರೆ ವಿಮಾನದಲ್ಲೇ ಹೋಗಬೇಕು. ಒಂದು ಗುಡ್ಡದ ಇಳಿಜಾರಿನಲ್ಲಿ ದುಂಡು ಕಣ್ಣಿನ, ಒಂದು ಕೈ ಎತ್ತಿ ನಿಂತ ಮನುಷ್ಯನೊಬ್ಬನಿದ್ದಾನೆ. ಅವನಿಗೆ ಈಗಿನವರು ಇಟ್ಟ ಹೆಸರು 'ಗಗನಯಾತ್ರಿ'. ಚನ್ನವೀರಪ್ಪನ ಗೋಡೆಯ ಮೇಲಿದ್ದವನು ಅವನೇ. "ರಿಟೈರ್ ಆದ ಮ್ಯಾಲೆ ಇವನ್ನ ನೋಡಿ ಬರೂಣು" ಎಂದು ಹೆಂಡತಿಗೆ ಹೇಳಿದ್ದ. ಆತ ಇಡೀ ಆಯುಷ್ಯದಲ್ಲಿ ಬಾಯಿಬಿಟ್ಟು ಹೇಳಿದ ಆಸೆ ಅದೊಂದೇ ಇರಬೇಕು.

ಆದರೆ ನಿವೃತ್ತಿಯಾದ ವರ್ಷವೇ ಹೃದಯದ ಕವಾಟ ಕೈಕೊಟ್ಟಿತು. ಹ್ಯೂಸ್ಟನ್‌ನ ಆಸ್ಪತ್ರೆಯಲ್ಲಿ ಆಪರೇಷನ್ ನಡೆಯುವಾಗ ಹೊರಗೆ ಕೂತ ಕಮಲವ್ವ, ಪೇರ್‌ಲ್ಯಾಂಡ್ ಗುಡಿಯ ಅಮ್ಮನಿಗೆ ಹರಕೆ ಹೊತ್ತಳು. ತಾಯಿ, ನನ್ನ ಗಂಡ ನಡೆದುಕೊಂಡು ಮನೆಗೆ ಬಂದರೆ ಅವನ ತೂಕದ ಬೆಲ್ಲ ನಿನಗೆ ಒಪ್ಪಿಸುತ್ತೇನೆ ಎಂದಳು. ಚನ್ನವೀರಪ್ಪ ನಡೆದುಕೊಂಡೇ ಮನೆಗೆ ಬಂದ. ತುಲಾಭಾರ ಎಂದು ಕೇಳಿದ್ದೇ ತಡ, ಅಲ್ಲಿಯವರೆಗೆ ಮಾತಾಡದವನು ಮಾತಾಡಿದ.

"ನಾ ಹುಟ್ಟಿದ್ದ ಬೆಲ್ಲದ ಪ್ಯಾಟ್ಯಾಗ. ಪೆಂಟಿ ತೂಗೂದು ನೋಡಿ ಸಾಕಾಗೇ ಊರು ಬಿಟ್ಟೀನಿ. ಈಗ ಮುದುಕ ಆದ ಮ್ಯಾಲೆ ನನ್ನ ಅದೇ ತಕ್ಕಡ್ಯಾಗ ಕುಂದರಸ್ತೀ ಏನ?"

"ಹರಕಿರೀ ಅದು. ದೇವರಿಗೆ ಕೊಟ್ಟ ಮಾತು."

"ನೀ ಕೊಟ್ಟೀದಿ. ನನ್ನ ಕೇಳಿ ಕೊಟ್ಟೀ ಏನ?"

"ನಿಮಗ ಎಚ್ಚರ ಎಲ್ಲಿತ್ತು, ಕೇಳಾಕ?"

"ವಾಲ್ವ್ ಬದಲ ಮಾಡಿದಾಂವ ಡಾಕ್ಟರ್. ಅವನ್ನ ತೂಗು ಹೋಗು."

ಮಾತು ಅಲ್ಲಿಗೆ ಮುಗಿಯಿತು. ಗ್ಯಾರೇಜಿನಲ್ಲಿ, ಊರಿಗೆ ಹೋಗುವಾಗ ಸೂಟ್‌ಕೇಸು ತೂಗಲೆಂದು ಇಟ್ಟ ಮುಳ್ಳಿನ ತೂಕದ ಕಾಟವೊಂದಿತ್ತು. ಅದರ ಹತ್ತಿರವೂ ಆತ ಸುಳಿಯಲಿಲ್ಲ. ಮಗಳು ವೈಷ್ಣವಿ ಆಸ್ಟಿನ್ ಹತ್ತಿರದ ಟೇಲರ್ ಎಂಬ ಊರಿನ ಕಂಪ್ಯೂಟರ್ ಚಿಪ್ ಕಾರ್ಖಾನೆಯಲ್ಲಿ ಕೆಲಸ ಮಾಡುವವಳು, ಎಲ್ಲದಕ್ಕೂ ಅವಳ ಹತ್ತಿರ ಸುಲಭದ ದಾರಿ ಇರುತ್ತದೆ. "ಅಮ್ಮಾ, ಆಸ್ಪತ್ರೆ ರೆಕಾರ್ಡ್‌ನಲ್ಲಿ ವೆಯ್ಟ್ ಇದೆಯಲ್ಲ, ಜಸ್ಟ್ ಯೂಸ್ ದಟ್" ಎಂದಳು. ಕಮಲವ್ವ ಒಪ್ಪಲಿಲ್ಲ. ಅದು ರೋಗಿಯ ತೂಕ, ದೇವರಿಗೆ ಕೊಡುವಂಥದ್ದಲ್ಲ. ತೂಗಿಸಿಕೊಳ್ಳುವವನು ತಾನೇ ಮನಸ್ಸು ಮಾಡಿ ಹತ್ತಬೇಕು ಎಂದು ಗುಡಿಯ ಅರ್ಚಕರೂ ಹೇಳಿದ್ದರು.

ಹೀಗೆ ವರ್ಷ ಕಳೆಯಿತು. ಹೊರಗಿನವರಿಗೆ ಇದೆಲ್ಲ ತಮಾಷೆ. ಕಮಲವ್ವನಿಗೆ ಮಾತ್ರ ಗಂಡ ಕೆಮ್ಮಿದರೂ ಹೆದರಿಕೆ. ಕೊಟ್ಟ ಜೀವಕ್ಕೆ ಅಮ್ಮ ಇನ್ನೂ ಎಷ್ಟು ದಿನ ಕಾದಾಳು? ಆತ ಮಧ್ಯಾಹ್ನ ಮಲಗಿದರೆ ಹೊಲಿಗೆ ನಿಲ್ಲಿಸಿ ಹೋಗಿ, ಎದೆ ಏರಿಳಿಯುವುದನ್ನು ನೋಡಿ ಬರುತ್ತಿದ್ದಳು. ಆತನ ಪ್ಯಾಂಟುಗಳ ಸೊಂಟವನ್ನು ಎರಡು ಸಲ ಒಳಗೆ ಹಿಡಿದು ಹೊಲಿದಿದ್ದಳು. ಮೂರನೆಯ ಸಲ ಹಿಡಿಯುವ ದಿನ ಬಾರದಿರಲಿ ಎಂದು ಸೂಜಿಗೂ ಕೈಮುಗಿಯುವ ಸ್ಥಿತಿಗೆ ಬಂದಿದ್ದಳು ಪಾಪ.

ಅಷ್ಟರಲ್ಲಿ ವೈಷ್ಣವಿ ಪೆರುವಿನ ಟಿಕೆಟ್ ತೆಗೆದಳು. ಡಲ್ಲಾಸಿನ ಮಹಾಬಲೇಶ್ವರ ಎಂಬ ನಿವೃತ್ತ ಮೇಷ್ಟ್ರು ಡಲ್ಲಾಸು, ಆಸ್ಟಿನ್, ಹ್ಯೂಸ್ಟನ್ ಮೂರೂ ಊರಿನ ಕನ್ನಡ ಹಿರಿಯರನ್ನು ಕಟ್ಟಿಕೊಂಡು ಪ್ರವಾಸ ಹೊರಡಿಸುತ್ತಿದ್ದರು, ಅವರ ಗುಂಪಿನಲ್ಲಿ ಅಪ್ಪ ಅಮ್ಮನ ಹೆಸರನ್ನೂ ಸೇರಿಸಿದಳು. ಡಾಕ್ಟರು ಹೋಗಿ ಬನ್ನಿ ಎಂದರು. ಅವತ್ತು ಸಂಜೆ ಚನ್ನವೀರಪ್ಪ ಅಟ್ಟದಿಂದ ಆ ಹಳೆಯ ಫೋಟೋ ಇಳಿಸಿ, ಅಂಗಿಯ ತುದಿಯಿಂದ ಒರೆಸುತ್ತ ಕೂತಿದ್ದನ್ನು ಕಮಲವ್ವ ಅಡುಗೆಮನೆಯಿಂದ ನೋಡಿದಳು. ಹೊಟ್ಟೆಯಲ್ಲಿ ಹಾಲು ಹೊಯ್ದಂತಾಯಿತು.

ಲಿಮಾದಿಂದ ಬಸ್ಸು ಬೆಳಗಿನ ಜಾವವೇ ಹೊರಟಿತು. ಒಂದು ಕಡೆ ಸಮುದ್ರ, ಇನ್ನೊಂದು ಕಡೆ ಹುಲ್ಲುಕಡ್ಡಿಯೂ ಇಲ್ಲದ ಮರಳಗುಡ್ಡ. ಗೈಡ್ ಹುಡುಗಿ ಮೈಕು ಹಿಡಿದು, ಚಿತ್ರಗಳನ್ನು ಎರಡೂ ಬದಿಯವರಿಗೆ ತೋರಿಸಲು ಪೈಲಟ್ ವಿಮಾನವನ್ನು ಎಡಕ್ಕೊಮ್ಮೆ ಬಲಕ್ಕೊಮ್ಮೆ ವಾಲಿಸುತ್ತಾನೆ, ಆದ್ದರಿಂದ ಯಾರೂ ಏನೂ ತಿನ್ನಬೇಡಿ ಎಂದು ಬೇಡಿಕೊಂಡಳು. ಚನ್ನವೀರಪ್ಪ ಹೇಳಿದ ಮಾತು ಕೇಳುವ ಮನುಷ್ಯ, ನೀರಷ್ಟೇ ಕುಡಿದ. ಕಮಲವ್ವ ಅದನ್ನು ಕಿವಿಗೇ ಹಾಕಿಕೊಳ್ಳಲಿಲ್ಲ. ಬರೀ ಹೊಟ್ಟೆಯಲ್ಲಿ ಮನೆಯ ಹೊಸ್ತಿಲು ದಾಟದವಳು ಆಕಾಶಕ್ಕೆ ಹಾರುತ್ತಾಳೆಯೇ? ಡಬ್ಬಿ ಬಿಚ್ಚಿ ಎರಡು ಚಪಾತಿ, ಶೇಂಗಾ ಚಟ್ನಿ, ಮೇಲೊಂದು ಉಂಡಿ ತಿಂದು ನೆಮ್ಮದಿಯಾಗಿ ಕೈತೊಳೆದಳು.

ಪಿಸ್ಕೋದ ಸಣ್ಣ ವಿಮಾನ ನಿಲ್ದಾಣದಲ್ಲಿ ಪಾಸ್‌ಪೋರ್ಟ್ ನೋಡಿದ ಮೇಲೆ ಒಬ್ಬೊಬ್ಬರನ್ನೇ ತೂಕದ ಮಷೀನಿನ ಮೇಲೆ ನಿಲ್ಲಿಸಿದರು. ಸಣ್ಣ ವಿಮಾನ, ಭಾರ ಎರಡೂ ಕಡೆ ಸಮನಾಗಿರಬೇಕು, ತೂಕ ನೋಡಿಯೇ ಸೀಟು. ಮೈಸೂರು ಕಡೆಯ ಮಹಾಬಲೇಶ್ವರರು "ಬನ್ನಿ ಬನ್ನಿ, ಹೊಟ್ಟೆ ಒಳಗೆ ಎಳ್ಕೊಂಡ್ರೆ ತೂಕ ಕಮ್ಮಿ ಆಗಲ್ಲ" ಎಂದು ನಗಿಸುತ್ತಿದ್ದರು. ಚನ್ನವೀರಪ್ಪನ ಸರದಿ ಬಂತು. ತೂಕ ನೋಡಿ ಭಾರ ಹಂಚುವುದು ಆತನ ಜೀವಮಾನದ ಕಸುಬು. ಯಾರೂ ಹೇಳುವ ಮೊದಲೇ, ಖುಷಿಯಿಂದ, ತಾನಾಗಿ ಹೋಗಿ ಮಷೀನು ಹತ್ತಿ ನಿಂತ.

ಅರ್ಚಕರ ಮಾತು ಕಮಲವ್ವನಿಗೆ ನೆನಪಾಯಿತು. ತಾನೇ ಮನಸ್ಸು ಮಾಡಿ ಹತ್ತಿದ್ದಾನೆ! ಮೆಲ್ಲಗೆ ಹಿಂದೆ ಹೋಗಿ ಕತ್ತು ಚಾಚಿ ಕೆಂಪು ಅಂಕಿ ನೋಡಿದಳು. ಎಪ್ಪತ್ತೆರಡು. ಅದನ್ನೇ ಬಾಯಲ್ಲಿ ಹೇಳಿಕೊಳ್ಳುತ್ತ ಸೆರಗಿಗೊಂದು ಗಂಟು ಹಾಕಿದಳು. ಮಷೀನು ಯಾವ ದೇಶದ್ದಾದರೇನು, ಅಮ್ಮ ನೋಡಿದಳಲ್ಲ ಎಂದು ಸಮಾಧಾನ ಮಾಡಿಕೊಂಡಳು.

ಸೀಟು ಹಂಚಿದಾಗ ಚನ್ನವೀರಪ್ಪ ಮುಂದೆ ಎಡಗಡೆ, ಕಮಲವ್ವ ಎಲ್ಲರಿಗಿಂತ ಹಿಂದೆ ಬಲಗಡೆ. ಮದುವೆಯಾದಾಗಿನಿಂದ ಬಸ್ಸಿರಲಿ ರೈಲಿರಲಿ ಇಬ್ಬರೂ ಒಟ್ಟಿಗೇ ಕೂತವರು. ಆಕೆ ಬದಲಿಸಿ ಎಂದು ಕೇಳಿಯೇಬಿಟ್ಟಳು. ಗೈಡ್ ಹುಡುಗಿ ನಗುತ್ತ ತಲೆಯಾಡಿಸಿದಳು. ಬೆಲ್ಟು ಬಿಗಿದು ಕಿವಿಗೆ ದೊಡ್ಡ ಹೆಡ್‌ಫೋನ್ ಇಟ್ಟರು. ಅದರಲ್ಲಿ ಕೇಳಬಹುದು, ಮಾತಾಡಲು ಬರುವುದಿಲ್ಲ. ಕಮಲವ್ವನಿಗೆ ಅದಕ್ಕಿಂತ ದೊಡ್ಡ ಶಿಕ್ಷೆ ಏನಿದೆ?

ಮರುಭೂಮಿಯ ಮೇಲೆ ಬಂದದ್ದೇ ಹೆಡ್‌ಫೋನಿನಲ್ಲಿ "ತಿಮಿಂಗಿಲ, ಬಲರೆಕ್ಕೆಯ ಕೆಳಗೆ" ಎಂಬ ಇಂಗ್ಲಿಷ್ ದನಿ ಬಂತು, ವಿಮಾನ ಬಲಕ್ಕೆ ವಾಲಿತು. ಕಿಟಕಿಯ ತುಂಬ ನೆಲ ನಿಂತುಕೊಂಡಿತು. ಆಮೇಲೆ ಎಡಕ್ಕೆ ವಾಲಿತು. ಚಪಾತಿ, ಚಟ್ನಿ, ಉಂಡಿ ಮೂರೂ ಒಟ್ಟಿಗೆ ಮೇಲೆದ್ದವು. ಕಮಲವ್ವ ಮುಂದಿನ ಸೀಟಿನ ಜೇಬಿನಲ್ಲಿದ್ದ ಚೀಲ ತೆಗೆದು ಬಾಯಿಗೆ ಹಿಡಿದಳು. ಪಕ್ಕದವರು ಹೌಹಾರಿದರು. ಯಾರೋ ಬೆನ್ನು ಸವರಿದರು, ಯಾರೋ "ಅವರಿಗೆ ಆಗ್ತಾ ಇಲ್ಲ" ಎಂದು ಮುಂದಕ್ಕೆ ಕೂಗಿದರು. ಕಾರಿಕೊಂಡು ಕಾರಿಕೊಂಡು ಕೊನೆಗೆ ಸದ್ದೂ ಹೊರಡದೆ ಸೀಟಿಗೆ ಒರಗಿದಳು.

ಒರಗಿದವಳಿಗೆ ಕಾಣುತ್ತಿದ್ದದ್ದು ಗಂಡನ ಕುತ್ತಿಗೆಯ ಹಿಂಭಾಗವೊಂದೇ. ಅಷ್ಟರಲ್ಲಿ "ಗಗನಯಾತ್ರಿ, ಎಡರೆಕ್ಕೆ" ಎಂದಿತು ದನಿ. ಎಲ್ಲರೂ ಓ ಎಂದರು, ಫೋನುಗಳೆಲ್ಲ ಕಿಟಕಿಗೆ ಅಂಟಿದವು. ಚನ್ನವೀರಪ್ಪನ ತಲೆ ಮಾತ್ರ ಕಿಟಕಿಯ ಕಡೆ ತಿರುಗಲಿಲ್ಲ. ಅದು ಕೆಳಗೆ ಬಾಗಿತು. ಹೆಗಲು ಒಳಗೆ ಮುದುಡಿತು. ಎದೆ ನೋವು ಎಂದುಕೊಂಡಳು ಕಮಲವ್ವ. ಬಂತು, ಅಮ್ಮ ಕಾದು ಕಾದು ಕೇಳಿಯೇಬಿಟ್ಟಳು. ಕೂಗೋಣವೆಂದರೆ ದನಿಯಿಲ್ಲ, ಏಳೋಣವೆಂದರೆ ಬೆಲ್ಟು. ತಾಯಿ, ಮುಂದಿನ ಶುಕ್ರವಾರ ತಪ್ಪಿಸುವುದಿಲ್ಲ, ಎಪ್ಪತ್ತೆರಡು, ಎಪ್ಪತ್ತೆರಡು ಎಂದು ಬೇಡುತ್ತ ಕೂತಳು. ಮಂಗ ಬಂದು ಹೋಯಿತು, ಜೇಡ ಬಂತು, ಹಕ್ಕಿ ಬಂತು. ಜನ ದುಡ್ಡು ಕೊಟ್ಟು ನೋಡಲು ಬರುವ ಅಷ್ಟೂ ಚಿತ್ರಗಳ ಮೇಲೆ ಹಾರಿದ ಕಮಲವ್ವ, ಆ ಬಾಗಿದ ಕುತ್ತಿಗೆಯ ಮೇಲಿನ ಬಿಳಿ ಕೂದಲ ಹೊರತು ಏನನ್ನೂ ನೋಡಲಿಲ್ಲ.

ವಿಮಾನ ಇಳಿದ ಕೂಡಲೇ ಚನ್ನವೀರಪ್ಪ ಎಲ್ಲರನ್ನೂ ತಳ್ಳಿಕೊಂಡು ಹಿಂದಕ್ಕೆ ಬಂದ. ಮುಖ ಬೂದಿಯಾಗಿತ್ತು. ಹೆಂಡತಿಯ ಕೈ ಹಿಡಿದು ಮೆಟ್ಟಿಲು ಇಳಿಸಿದ, ಇಳಿಸಿದ ಮೇಲೂ ಬಿಡಲಿಲ್ಲ. ಜನರ ಎದುರು ಆತ ಹಾಗೆ ಕೈ ಹಿಡಿದವನೇ ಅಲ್ಲ.

"ಎದಿ ನೋವೇನ್ರಿ?"

ಇಲ್ಲವೆಂದು ತಲೆಯಾಡಿಸಿದ.

"ನೋಡಿದ್ರಿಲ್ಲೋ ನಿಮ್ಮ ಗಗನಯಾತ್ರೀನ?"

"ಹ್ಞೂಂ" ಎಂದ ಚನ್ನವೀರಪ್ಪ.

ಹ್ಯೂಸ್ಟನ್‌ಗೆ ಮರಳಿದವಳು ಸೂಟ್‌ಕೇಸನ್ನೂ ಬಿಚ್ಚಲಿಲ್ಲ. ವೈಷ್ಣವಿಯನ್ನು ಕರೆಸಿ, ಹಿಲ್‌ಕ್ರಾಫ್ಟ್ ರಸ್ತೆಯ ಅಂಗಡಿಗೆ ಹೋಗಿ ಒಂದೊಂದು ಕಿಲೋದ ಪೊಟ್ಟಣಗಳಲ್ಲಿ ಎಪ್ಪತ್ತೆರಡು ಕಿಲೋ ಬೆಲ್ಲ ತಂದಳು. ಅಂಗಡಿಯವನು ಹಿಂದಿಯಲ್ಲಿ "ಮನೇಲಿ ಮದುವೆಯೇ?" ಎಂದು ಕೇಳಿದ. ಅಪ್ಪ ಮಲಗಿದ್ದಾಗ ತಾಯಿ ಮಗಳು ಅದನ್ನೆಲ್ಲ ಗ್ಯಾರೇಜಿನ ಮೂಲೆಯಲ್ಲಿ ಜೋಡಿಸಿ, ಮೇಲೆ ಹಳೆಯ ಲೈನಿಂಗ್ ಬಟ್ಟೆ ಹೊದಿಸಿದರು. ಶುಕ್ರವಾರ ಗುಡಿಗೆ ಸಾಗಿಸುವುದೆಂದು ಗೊತ್ತುಮಾಡಿಕೊಂಡು ಮಗಳು ಟೇಲರ್‌ಗೆ ಹೊರಟಳು.

ಆದರೆ ಬೆಲ್ಲದ ಪೇಟೆಯಲ್ಲಿ ಹುಟ್ಟಿದವನ ಮೂಗಿಗೆ ಬೆಲ್ಲ ಮುಚ್ಚಿಡಲು ಯಾರಿಂದಾದೀತು? ಗುರುವಾರ ಬೆಳಿಗ್ಗೆ ಕಮಲವ್ವ ಚಹಾ ಹಿಡಿದು ಹುಡುಕುತ್ತ ಹೋದರೆ ಆತ ಗ್ಯಾರೇಜಿನಲ್ಲಿ ನಿಂತಿದ್ದ. ಬಟ್ಟೆ ಸರಿಸಿ ಪೊಟ್ಟಣಗಳನ್ನು ಎಣಿಸಿ ಮುಗಿಸಿದ್ದ.

"ಎಪ್ಪತ್ತೆರಡು. ಪಿಸ್ಕೋದಾಗ ನೋಡೀದಿ."

ಬೈದರೆ ಬೈಸಿಕೊಳ್ಳುವುದು, ಬೆಲ್ಲವನ್ನಂತೂ ಬಿಡುವುದಿಲ್ಲ ಎಂದು ಗಟ್ಟಿಯಾಗಿ ನಿಂತಳು.

"ಅದು ಬೂಟ, ಜಾಕೀಟ, ಕಿಸೇದಾಗಿನ ಸಾಮಾನ ಎಲ್ಲಾ ಸೇರಿ ತೂಕ. ಅಷ್ಟೂ ತಪ್ಪಲೆಕ್ಕ ದೇವರಿಗೆ ಕೊಡ್ತೀ ಏನ?"

ಹಾಗೆನ್ನುತ್ತ ಚಪ್ಪಲಿ ಬಿಟ್ಟ. ಕನ್ನಡಕ ತೆಗೆದು ಆಕೆಯ ಕೈಗೆ ಕೊಟ್ಟ. ಸೂಟ್‌ಕೇಸಿನ ಕಾಟವನ್ನು ಕಾಲಿನಿಂದ ಎಳೆದು ಅದರ ಮೇಲೆ ನಿಂತು, ಎರಡೂ ಕೈ ಜೋಡಿಸಿದ. ಕಮಲವ್ವ ಚಹಾದ ಲೋಟವನ್ನು ನೆಲಕ್ಕಿಟ್ಟು ಬಗ್ಗಿ ಮುಳ್ಳು ನೋಡಿದಳು. ಒಂದು ವರ್ಷದಿಂದ ಎದೆಯ ಮೇಲಿದ್ದ ಕಲ್ಲು ಕೆಳಗಿಳಿಯಿತು.

"ಅರವತ್ತೊಂಬತ್ತು" ಎಂದಳು. "ಉಳದಿದ್ದು ಪಾಯಸಕ್ಕ ಆಗತೈತಿ ಬಿಡ್ರಿ."

"ಉಳಿಯೂದಿಲ್ಲ. ಇನ್ನೂ ಬೇಕಾಗತೈತಿ." ಆತ ಕೆಳಗಿಳಿದು ಆಕೆಯ ಮೊಣಕೈ ಹಿಡಿದ. "ಈಗ ನೀ ಹತ್ತು."

"ನಾ ಯಾಕ್ರಿ?"

"ನಂದೂ ಒಂದು ಹರಕಿ ಐತಿ."

ಕಮಲವ್ವ ಆತನ ಮುಖ ನೋಡಿದಳು. ಗುಡಿಗೆ ಹೋದರೂ ಕಾರಿನಲ್ಲೇ ಕೂರುವ ಮನುಷ್ಯ. "ನೀವು? ಹರಕಿ? ಯಾವಾಗ ಹೊತ್ತೀರಿ?"

"ಮ್ಯಾಲೆ, ವಿಮಾನದಾಗ." ಚನ್ನವೀರಪ್ಪ ಗೋಡೆಯ ಕಡೆ ನೋಡುತ್ತ ಹೇಳಿದ. "ಹೆಡ್‌ಫೋನ್ ಸರಿಸಿದ್ರ ನೀ ಕಾರೂದು ಕೇಳಸ್ತಿತ್ತು. ಆಮ್ಯಾಲೆ ಅದೂ ಕೇಳಸಲಿಲ್ಲ. ಬೆಲ್ಟ ಬಿಗದಿತ್ತು, ತಿರಗಾಕ ಬರಲಿಲ್ಲ. ಎಲ್ಲಾರೂ ಗಗನಯಾತ್ರಿ, ಗಗನಯಾತ್ರಿ ಅನ್ನಾಕತ್ತಿದ್ರು. ನಾ ನೋಡಲಿಲ್ಲ ಅವನ್ನ. ತಲಿ ಬಗ್ಗಿಸಿ ನಿನ್ನ ದೇವರನ್ನ ಬೇಡಕೊಂಡ್ನಿ. ನನಗ ಬ್ಯಾರೆ ಯಾವದೂ ಗೊತ್ತಿಲ್ಲಲ್ಲ."

ಕಮಲವ್ವ ಚಪ್ಪಲಿ ಕಳಚಿ, ಸೀರೆ ತುಸು ಮೇಲೆತ್ತಿಕೊಂಡು ಕಾಟದ ಮೇಲೆ ನಿಂತಳು. ಚನ್ನವೀರಪ್ಪ ಕನ್ನಡಕ ಇಸಿದುಕೊಂಡು ಮೂಗಿಗೇರಿಸಿ, ಆಕೆಯ ಕಾಲ ಬಳಿ ಕುಕ್ಕುರುಗಾಲಲ್ಲಿ ಕೂತು ನೋಡಿದ. ಮುಳ್ಳು ಅತ್ತ ಇತ್ತ ತೂಗಾಡುತ್ತಿತ್ತು.

"ಅಳಬ್ಯಾಡ" ಎಂದ. "ಮುಳ್ಳು ನಿಂದ್ರವಲ್ದು."